ಛಡಿ ಕೆಳಗಿಟ್ಟ ವರ್ಷ

ಈ ಜೂನ್‌ನಲ್ಲಿ ಮೊಮ್ಮಗಳ ಹೆಸರು ಶಾಲೆಗೆ ಹಚ್ಚಿಸಲು ಹುಕ್ಕೇರಿಗೆ ಹೋಗಿದ್ದೆ. ಮಗಳನ್ನು ಆ ಊರಿಗೆ ಕೊಟ್ಟಿದ್ದೇವೆ. ಚರ್ಚಿನವರ ಶಾಲೆಯ ಪಡಸಾಲೆಯಲ್ಲಿ ಪಾಲಕರ ಸಾಲು ಗೇಟಿನವರೆಗೂ ಬೆಳೆದಿತ್ತು. ಬೆಳಗ್ಗೆ ಬಿದ್ದ ಮಳೆಗೆ ಅಂಗಳವೆಲ್ಲ ರಾಡಿ. ಮೂಲೆಯಲ್ಲಿ ಪೇರಿಸಿಟ್ಟ ಹೊಸ ಪುಸ್ತಕಗಳ ಗಂಟಿನಿಂದ ಹಸಿ ಕಾಗದದ ವಾಸನೆ ಬರುತ್ತಿತ್ತು. ನಿವೃತ್ತನಾಗಿ ಎರಡು ವರ್ಷವಾದರೂ ಆ ವಾಸನೆಗೆ ನನ್ನ ಬೆನ್ನು ತಾನಾಗಿಯೇ ನೆಟ್ಟಗಾಯಿತು.

ಸಾಲಿನ ತುದಿಯ ಮೇಜಿನ ಹಿಂದೆ ಫಾದರ್ ಇನಾಸ್ ಕುಳಿತಿದ್ದರು. ಈಗ ಹುಕ್ಕೇರಿಯ ಶಾಲೆಯೂ ಚರ್ಚೂ ಅವರದೇ ಉಸ್ತುವಾರಿ. ತಲೆ ಪೂರ್ತಿ ಬೆಳ್ಳಗಾಗಿದೆ, ದನಿ ಮಾತ್ರ ಹಾಗೆಯೇ ಇದೆ. ನನ್ನ ಮುಂದೆ ನಿಂತಿದ್ದ ಯಮಕನಮರಡಿಯ ರೈತರೊಬ್ಬರು ಮಗನನ್ನು ಮೇಜಿನ ಹತ್ತಿರ ನೂಕಿ ಹೇಳಿದರು: “ಬೇಕಾದಷ್ಟ ಹೊಡೀರಿ ಫಾದರ್, ನಾ ಕೇಳಾಕ ಬರಂಗಿಲ್ಲ. ಎಲುಬಷ್ಟ ನಮಗ ಉಳಸ್ರಿ.”

ಫಾದರ್ ಆ ರೈತರ ಭುಜದ ಮೇಲಿಂದ ನನ್ನನ್ನು ನೋಡಿದರು. “ಅದರ ಬಗ್ಗೆ ನಿಮ್ಮ ಹಿಂದ ನಿಂತಾವ್ರನ್ನ ಕೇಳ್ರಿ. ಅವರಿಗೆ ನನಗಿಂತ ಛಲೋ ಗೊತ್ತೈತಿ.”

ಆ ರೈತರಿಗೆ ಎರಡು ಮಾತಿನಲ್ಲಿ ಏನೋ ಹೇಳಿ ಕಳಿಸಿದೆ. ಸರಿಯಾಗಿ ಹೇಳಬೇಕೆಂದರೆ ಮೂಡಲಗಿಯಲ್ಲಿ ನಾವಿಬ್ಬರೂ ಹಿಂದೆ ಕಳೆದ ಒಂದು ವರ್ಷವನ್ನು ಪೂರ್ತಿ ಹೇಳಬೇಕಾಗುತ್ತಿತ್ತು.

ನನ್ನ ಹೆಸರು ಶಿವಪುತ್ರ. ಮೂಡಲಗಿಯಲ್ಲಿ ಚರ್ಚಿನವರು ನಡೆಸುವ ಕನ್ನಡ ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತಿದ್ದೆ. ನಾನು ಒಳ್ಳೆಯ ಮಾಸ್ತರ. ಇದನ್ನು ಆಗಲೂ ಸಂಕೋಚವಿಲ್ಲದೆ ಹೇಳುತ್ತಿದ್ದೆ, ಈಗಲೂ ಹೇಳುತ್ತೇನೆ. ಎಷ್ಟೋ ವರ್ಷಗಳಿಂದ ಹತ್ತನೇ ತರಗತಿಯ ಗಣಿತದಲ್ಲಿ ನನ್ನ ಒಬ್ಬ ವಿದ್ಯಾರ್ಥಿಯೂ ನಪಾಸಾಗಿರಲಿಲ್ಲ. ಬೆತ್ತಕ್ಕೆ ನಮ್ಮ ಕಡೆ ಛಡಿ ಎನ್ನುತ್ತಾರೆ. ಮಕ್ಕಳು ನನಗಿಟ್ಟ ಹೆಸರು ಛಡಿ ಸರ್. ಮಕ್ಕಳಿಗೆ ಹೊಡೆಯಬಾರದೆಂಬ ಸರ್ಕಾರದ ಆದೇಶ ಎಂದೋ ಬಂದಿತ್ತು. ಆದೇಶ ಫೈಲಿನಲ್ಲಿತ್ತು, ಛಡಿ ನನ್ನ ಕೈಯಲ್ಲಿತ್ತು. ಊರಿನವರು ಅದಕ್ಕಾಗಿಯೇ ಮಕ್ಕಳನ್ನು ನಮ್ಮ ಶಾಲೆಗೆ ಕಳಿಸುತ್ತಿದ್ದರು.

ಆ ವರ್ಷದ ಜೂನ್‌ನಲ್ಲಿ ಫಾದರ್ ಇನಾಸ್ ಹೆಡ್‌ಮಾಸ್ತರರಾಗಿ ಬಂದರು. ಅದಕ್ಕೂ ಮೊದಲು ಗೋಕಾಕದ ಚರ್ಚಿನಲ್ಲಿದ್ದರು. ಹುಟ್ಟಿದ್ದು ಕಾರವಾರದ ಪಕ್ಕದ ಹಳ್ಳಿಯಲ್ಲಿ, ಮನೆಮಾತು ಕೊಂಕಣಿ. ಆರಡಿ ಎತ್ತರದ ಆಳು, ನಡೆದರೆ ಪಡಸಾಲೆ ಸಣ್ಣದಾದಂತೆ ಕಾಣುತ್ತಿತ್ತು. ಪ್ರಾರ್ಥನೆಯ ಹೊತ್ತಿಗೆ ಅವರಿಗೆ ಮೈಕು ಬೇಕಿರಲಿಲ್ಲ. ಮೂಡಲಗಿಯಲ್ಲಿ ಆಗ ಇದ್ದದ್ದು ಏಳೇ ಕ್ಯಾಥೊಲಿಕ್ ಮನೆಗಳು. ಸರ್ಕಾರಿ ಆಸ್ಪತ್ರೆಯ ನರ್ಸಬಾಯಿ, ಸಕ್ಕರೆ ಕಾರ್ಖಾನೆಯ ಒಬ್ಬ ಫಿಟರ್, ಹೀಗೆ. ಶಾಲೆಯ ಪಕ್ಕದ ಹಾಲ್ ಅವರ ಚರ್ಚು. ಶಾಲೆಯ ನಾನೂರು ಮಕ್ಕಳಲ್ಲಿ ಬಹುತೇಕರು ಲಿಂಗಾಯತರು, ಕುರುಬರು, ಮುಸಲ್ಮಾನರು. ಏಳು ಮನೆಯವರ ಪಾದ್ರಿಯಾಗಿ, ನಾನೂರು ಮಕ್ಕಳ ಹೆಡ್‌ಮಾಸ್ತರರಾಗಿ ಅವರು ಎರಡೂ ಕೆಲಸವನ್ನು ಒಂದೇ ಉತ್ಸಾಹದಿಂದ ಮಾಡುತ್ತಿದ್ದರು.

ಅವರ ಕನ್ನಡ ಪುಸ್ತಕದಿಂದ ಕಲಿತದ್ದು. ಬಂದ ಎರಡನೇ ಶನಿವಾರವೇ ನನ್ನನ್ನು ಕರೆದು, ಮರುದಿನದ ಪ್ರವಚನವನ್ನು ಓದಿ ತೋರಿಸುತ್ತೇನೆ, ಈ ಊರಿನವರಿಗೆ ತಿಳಿಯದ ಮಾತು ಬಂದರೆ ತಿದ್ದಬೇಕು ಎಂದು ಕೇಳಿಕೊಂಡರು. ಹಣೆಗೆ ವಿಭೂತಿ ಹಚ್ಚಿ ಕೊರಳಲ್ಲಿ ಲಿಂಗ ಕಟ್ಟಿಕೊಂಡ ನಾನು ಪ್ರತಿ ಶನಿವಾರ ಸಂಜೆ ಪಾದ್ರಿಯ ಪ್ರವಚನ ತಿದ್ದಲು ಕೂರುತ್ತಿದ್ದೆ. ‘ಕುರುಬನು ತಪ್ಪಿಸಿಕೊಂಡ ಕುರಿಯನ್ನು ಅರಸಿದನು’ ಎಂದು ಬರೆದಿದ್ದರು. “ಅರಸಿದನು ಬ್ಯಾಡ್ರಿ, ಹುಡುಕ್ಯಾಡಿದಾ ಅನ್ರಿ,” ಎಂದೆ. ಹಾಗೆಯೇ ಬರೆದುಕೊಂಡರು.

ಆದರೆ ಮೊದಲ ಶಿಕ್ಷಕರ ಸಭೆಯಲ್ಲಿಯೇ ನಮಗಿಬ್ಬರಿಗೂ ಜಗಳ ಹತ್ತಿತ್ತು. ಛಡಿ ಇದ್ದವರು ತಂದು ಮೇಜಿನ ಮೇಲೆ ಇಡಬೇಕು ಎಂದರು. ಐದು ಛಡಿ, ಒಂದು ಕಟ್ಟಿಗೆಯ ಪಟ್ಟಿ ಬಂದು ಬಿದ್ದವು. ನಾನು ಕದಲಲಿಲ್ಲ.

“ಶಿವಪುತ್ರ ಸರ್, ತಾವು ಇಡಲಿಲ್ಲ.”

“ಮೊದಲ ನನ್ನ ರಿಸಲ್ಟ್ ನೋಡ್ರಿ ಫಾದರ್, ಆಮ್ಯಾಲ ಕೇಳ್ರಿ.”

“ನೋಡಿದ್ದೇನೆ. ನನಗೆ ಒಂದು ವರ್ಷ ಕೊಡಿ. ಮುಂದಿನ ಮೇ ತಿಂಗಳಲ್ಲಿ ಗಣಿತದ ಫಲಿತಾಂಶ ಕೆಟ್ಟರೆ ಛಡಿಯನ್ನು ನಾನೇ ತಂದು ತಮ್ಮ ಕೈಗೆ ಕೊಡುತ್ತೇನೆ. ಮತ್ತೆ ಆ ಮಾತು ಎತ್ತುವುದಿಲ್ಲ.”

ಎಲ್ಲರ ಎದುರು ಹೇಳಿದ ಮಾತು. ನಾನು ಛಡಿ ಇಟ್ಟೆ. ಅವರ ಮೇಲಿನ ಗೌರವದಿಂದ ಇಟ್ಟೆನೆಂದು ಹೇಳಿದರೆ ಸುಳ್ಳಾಗುತ್ತದೆ. ಒಂದು ವರ್ಷದಲ್ಲಿ ಇವರೇ ಸೋತು ಬರುತ್ತಾರೆಂಬ ಖಾತ್ರಿಯಿಂದ ಇಟ್ಟೆ.

ಮಳೆಗಾಲ ನನ್ನ ಪರವಾಗಿಯೇ ನಡೆಯಿತು. ಛಡಿ ಇಲ್ಲದ ಸುದ್ದಿ ಮೂರು ದಿನಕ್ಕೆ ಮಕ್ಕಳಿಗೆ ಖಾತ್ರಿಯಾಯಿತು, ನಾಲ್ಕನೇ ದಿನ ಅರ್ಧ ತರಗತಿ ಮನೆಗೆಲಸ ಮಾಡಿರಲಿಲ್ಲ. ನಾನು ಬೋರ್ಡಿಗೆ ತಿರುಗಿದರೆ ಹಿಂದೆ ಗುಜುಗುಜು. ಖಾಲಿ ಕೈಯನ್ನು ಎಲ್ಲಿಡಬೇಕೆಂದು ತಿಳಿಯದೆ ಬೆನ್ನ ಹಿಂದೆ ಕಟ್ಟಿಕೊಂಡು ನಿಲ್ಲುತ್ತಿದ್ದೆ. ಆಗಸ್ಟಿನ ಕಿರುಪರೀಕ್ಷೆಯಲ್ಲಿ ಅಂಕಗಳು ಬಿದ್ದವು. ಪಾಲಕರ ಸಭೆಯಲ್ಲಿ ಜನ ಫಾದರ್ ಮೇಲೆ ಹರಿಹಾಯ್ದರು. ಹೊಡೆಯದಿದ್ದರೆ ಮಕ್ಕಳು ಕೆಡುತ್ತವೆ, ನಿಮಗೆ ಮಕ್ಕಳಿಲ್ಲ, ನಿಮಗೇನು ಗೊತ್ತು ಎಂದು ಒಬ್ಬರು ನೇರವಾಗಿಯೇ ಅಂದರು. ಫಾದರ್ ಮುಖ ಕೆಂಪಾಯಿತು. ಅವರಿಗೆ ಸಿಟ್ಟು ಬಹಳ ಬೇಗ ಬರುತ್ತದೆಂದು ಅಂದೇ ಕಂಡುಕೊಂಡೆ. ಆದರೂ ತಡೆದುಕೊಂಡರು.

ಮರುದಿನ ನನ್ನ ಹತ್ತನೇ ತರಗತಿಗೆ ಬಂದು ಕಡೆಯ ಬೆಂಚಿನಲ್ಲಿ ಮಕ್ಕಳ ಜೊತೆ ಕೂತರು. ನನ್ನ ಪಾಠ ಪರೀಕ್ಷಿಸಲು ಬಂದರೆಂದು ನನಗೆ ಒಳಗೊಳಗೇ ಉರಿಯಿತು. ನಾನು ವರ್ಗ ಸಮೀಕರಣ ಬಿಡಿಸುತ್ತಿದ್ದೆ. ಅರ್ಧಕ್ಕೆ ಬರುವಷ್ಟರಲ್ಲಿ ಫಾದರ್ ಕೈ ಎತ್ತಿದರು.

“ಸರ್, ಮೂರನೇ ಸಾಲು ಹೇಗೆ ಬಂತು? ನನಗೆ ತಿಳಿಯಲಿಲ್ಲ.”

ಮಕ್ಕಳು ನಗಬೇಕೋ ಬೇಡವೋ ತಿಳಿಯದೆ ಕೂತವು. ನಾನು ಮತ್ತೊಮ್ಮೆ ಹೇಳಿದೆ. ಅವರಿಗೆ ಆಗಲೂ ತಿಳಿಯಲಿಲ್ಲ, ಮತ್ತೆ ಕೈ ಎತ್ತಿದರು. ನಾಟಕವಾಡುತ್ತಿದ್ದಾರೆಂದು ಮೊದಲು ಅಂದುಕೊಂಡೆ. ಹಾಗಲ್ಲ, ಅವರು ಖರೆ ಖರೆ ಗಣಿತದಲ್ಲಿ ದಡ್ಡರು. ಮೂರನೇ ಸಲ ಬೇರೆ ದಾರಿ ಹಿಡಿದು, ಹೊಲದ ಉದ್ದ ಅಗಲ ಇಟ್ಟುಕೊಂಡು ವಿವರಿಸಿದೆ. ಅವರ ಮುಖ ಅರಳಿತು. ಅದರ ಜೊತೆಗೆ ಇನ್ನೂ ಹತ್ತು ಹದಿನೈದು ಮುಖಗಳು ಅರಳಿದ್ದನ್ನು ನಾನು ಕಂಡೆ. ಅಂದರೆ ಅಷ್ಟೂ ಮಕ್ಕಳಿಗೆ ಮೂರನೇ ಸಾಲು ತಿಳಿದಿರಲಿಲ್ಲ. ಹೋದ ವರ್ಷದವರಿಗೂ ತಿಳಿದಿರಲಿಕ್ಕಿಲ್ಲ. ಅಷ್ಟು ವರ್ಷಗಳಲ್ಲಿ ನನ್ನ ತರಗತಿಯಲ್ಲಿ ಒಬ್ಬರೂ ‘ತಿಳಿಯಲಿಲ್ಲ’ ಎಂದು ಎದ್ದು ನಿಂತಿರಲಿಲ್ಲ. ಅದನ್ನು ನಾನು ಎಲ್ಲರಿಗೂ ತಿಳಿದಿದೆ ಎಂದು ಅರ್ಥ ಮಾಡಿಕೊಂಡಿದ್ದೆ.

ಫಾದರ್ ಒಂದು ವಾರ ಬಂದು ಕೂತರು. ಮೂರನೇ ದಿನ ಅವರ ಪಕ್ಕದಲ್ಲಿದ್ದ ಬೀರಪ್ಪ ಕೈ ಎತ್ತಿದ. ಕುರಿ ಕಾಯುವ ಮನೆಯ ಹುಡುಗ, ಉಡಾಳ, ನನ್ನ ಛಡಿಯ ಹಳೆಯ ಗಿರಾಕಿ. ಅವನು ಕೈ ಎತ್ತಿದ ಮೇಲೆ ಉಳಿದವರಿಗೂ ಧೈರ್ಯ ಬಂತು. ದಸರೆಯ ಹೊತ್ತಿಗೆ ಒಂದು ತಾಸಿನ ಪಾಠ ಮುಗಿಸಲು ನನಗೆ ಎರಡು ತಾಸು ಬೇಕಾಗುತ್ತಿತ್ತು. ಸಂಜೆ ಹೆಚ್ಚಿನ ತರಗತಿ ಶುರು ಮಾಡಿದೆ. ಗುಜುಗುಜು ಕಡಿಮೆಯಾಯಿತು. ಆದರೂ ಛಡಿ ಬೇಡವೆಂದು ಒಪ್ಪಲು ನಾನು ಸಿದ್ಧನಿರಲಿಲ್ಲ.

ದೀಪಾವಳಿ ಸೂಟಿ ಮುಗಿದು ಶಾಲೆ ತೆರೆದ ದಿನ, ಮಧ್ಯಾಹ್ನದ ಊಟದ ಹೊತ್ತಿನಲ್ಲಿ ಢಂ ಎಂದು ಸದ್ದಾಯಿತು. ಉಳಿದ ಪಟಾಕಿಯೊಂದನ್ನು ಬೀರಪ್ಪ ನಳದ ಹತ್ತಿರ ಹಚ್ಚಿದ್ದ. ಅಲ್ಲಿ ತಾಟು ತೊಳೆಯುತ್ತಿದ್ದ ಎಂಟನೇ ತರಗತಿಯ ಹುಡುಗಿಯ ದುಪಟ್ಟಾಕ್ಕೆ ಕಿಡಿ ಹಾರಿ ಅಂಗೈಯಗಲ ಸುಟ್ಟಿತು. ಅವಳಿಗೆ ಏನೂ ಆಗಲಿಲ್ಲ, ಹೆದರಿ ಅಳುತ್ತಿದ್ದಳು. ಫಾದರ್ ಆಫೀಸಿನಿಂದ ಓಡಿ ಬಂದವರೇ ಬೀರಪ್ಪನ ಕೆನ್ನೆಗೆ ಬಾರಿಸಿದರು. ಆರಡಿ ಆಳಿನ ಪೂರ್ತಿ ಬಲದ ಏಟು. ಹುಡುಗ ನೆಲಕ್ಕೆ ಬಿದ್ದ. ಅಷ್ಟೂ ಮಕ್ಕಳು ತಾಟು ಹಿಡಿದು ನಿಂತಲ್ಲೇ ನಿಂತವು.

ಬೀರಪ್ಪ ಎದ್ದು ಮೈ ಜಾಡಿಸಿಕೊಂಡು, ಚೀಲವನ್ನೂ ತೆಗೆದುಕೊಳ್ಳದೆ ಗೇಟು ದಾಟಿ ಹೋದ.

ನನಗೆ ಖುಷಿಯಾಯಿತು. ಮುಚ್ಚಿಡುವುದಿಲ್ಲ. ಆಫೀಸಿಗೆ ಹೋಗಿ, ಈಗಲಾದರೂ ನನ್ನ ಛಡಿ ಕೊಡ್ರಿ ಎಂದು ಕೇಳಿದೆ. ಫಾದರ್ ತಮ್ಮ ಬಲಗೈಯನ್ನು ಮೇಜಿನ ಮೇಲೆ ಚಾಚಿಕೊಂಡು ಅದನ್ನೇ ನೋಡುತ್ತಿದ್ದರು.

ಮರುದಿನ ಪ್ರಾರ್ಥನೆ ಮುಗಿದ ಮೇಲೆ ಅವರು ಮಕ್ಕಳ ಮುಂದೆ ನಿಂತು ಹೇಳಿದರು. ಬೀರಪ್ಪ ಮಾಡಿದ್ದು ತಪ್ಪು, ಅದಕ್ಕೆ ಅವನು ಒಂದು ವಾರ ನಳದ ಸುತ್ತ ಸ್ವಚ್ಛ ಮಾಡಬೇಕು. ನಾನು ಮಾಡಿದ್ದೂ ತಪ್ಪು, ಹೊಡೆಯುವುದಿಲ್ಲವೆಂದು ಮಾತು ಕೊಟ್ಟು ಹೊಡೆದೆ, ಅದಕ್ಕೆ ಅವನ ಕ್ಷಮೆ ಕೇಳಬೇಕು. ಅವನು ಇಂದು ಬಂದಿಲ್ಲ, ಆದ್ದರಿಂದ ಹುಡುಕಿಕೊಂಡು ಹೋಗುತ್ತೇನೆ. ಅಷ್ಟು ಹೇಳಿ ಮಕ್ಕಳನ್ನು ತರಗತಿಗೆ ಕಳಿಸಿ, ನನ್ನ ಹತ್ತಿರ ಬಂದು, ಜೊತೆಗೆ ಬರುತ್ತೀರಾ ಎಂದು ಕೇಳಿದರು. ಹುಡುಗನ ಅಪ್ಪ ನನಗೆ ಪರಿಚಯ. ಒಲ್ಲೆನೆನ್ನಲು ಮನಸ್ಸಾಗಲಿಲ್ಲ.

ಬೀರಪ್ಪ ಮೂಡಲಗಿಯ ಹೊರವಲಯದಲ್ಲಿ ಅಜ್ಜಿಯ ಜೊತೆ ಇದ್ದ. ಮುಂಜಾನೆಯ ಬಸ್ಸಿಗೆ ಅಪ್ಪನ ಹತ್ತಿರ ಹೋದನೆಂದು ಮುದುಕಿ ಹೇಳಿದಳು. ಅಪ್ಪ ಸಿದ್ದಪ್ಪ ಸುಗ್ಗಿಯಾದ ಹೊಲಗಳಲ್ಲಿ ಕುರಿ ನಿಲ್ಲಿಸುತ್ತ ಹತ್ತರಗಿಯ ಕಡೆ ಹೋಗಿದ್ದಾನಂತೆ. ಫಾದರ್ ಅವರ ಬೈಕಿನಲ್ಲಿ ಹೊರಟೆವು. ಗೋಕಾಕ, ಘಟಪ್ರಭಾ, ಹುಕ್ಕೇರಿ ದಾಟಿ ಹೆದ್ದಾರಿ ಸೇರುವಷ್ಟರಲ್ಲಿ ಬಿಸಿಲು ಏರಿತ್ತು. ಹತ್ತರಗಿಯಲ್ಲಿ ಚಹಾದಂಗಡಿಯವರನ್ನು ಕೇಳಿ, ಸೋಯಾಬೀನ್ ಕೊಯ್ದ ಹೊಲವೊಂದರಲ್ಲಿ ಸಿದ್ದಪ್ಪನ ಹಿಂಡನ್ನು ಹಿಡಿದೆವು.

ನಮ್ಮನ್ನು ಕಂಡ ಸಿದ್ದಪ್ಪ ಮಗ ಏನೋ ಮಾಡಿಕೊಂಡು ಬಂದಿದ್ದಾನೆಂದು ತಿಳಿದು, ಕೈಯ ಬಡಿಗೆ ಎತ್ತಿ ಹುಡುಗನ ಕಡೆ ತಿರುಗಿದ. ಫಾದರ್ ನಡುವೆ ಹೋಗಿ ನಿಂತರು. ಆಮೇಲೆ ಬೀರಪ್ಪನ ಎದುರು ಕೈ ಮುಗಿದರು.

“ಬೀರಪ್ಪ, ನಿನ್ನ ತಪ್ಪ ಬ್ಯಾರೆ. ಅದನ್ನ ಸಾಲ್ಯಾಗ ನೋಡೂಣು. ನಾ ಹೊಡದದ್ದು ನನ್ನ ತಪ್ಪು. ಕ್ಷಮಾ ಮಾಡು.”

ಸಿದ್ದಪ್ಪನ ಬಡಿಗೆ ಕೆಳಗಿಳಿಯಿತು. “ಹಂಗ ಮಾಡಬ್ಯಾಡ್ರಿ ಗುರುಗಳ. ಹುಡುಗನ ಮುಂದ ನೀವು ಕೈ ಮುಗೀಬಾರದ್ರಿ,” ಎಂದ. ಅವನಿಗೆ ನಿಜವಾಗಿಯೂ ಸಂಕಟವಾಗಿತ್ತು.

ಹುಡುಗ ತಲೆ ಎತ್ತಲಿಲ್ಲ. ಒಂದು ಏಟಿಗೆ ಇಷ್ಟು ದೂರ ಓಡಿ ಬಂದೆಯಲ್ಲ, ನಾನು ಎಷ್ಟು ಸಲ ಹೊಡೆದಿದ್ದೇನೆ, ಒಮ್ಮೆಯಾದರೂ ಶಾಲೆ ತಪ್ಪಿಸಿದ್ದೆಯಾ ಎಂದು ನಾನು ಕೇಳಿದೆ. ಸಮಾಧಾನ ಹೇಳುವುದು ನನ್ನ ಉದ್ದೇಶ.

“ನೀವು ಹೊಡದ್ರ ಏನೂ ಅನಸ್ತಿದ್ದಿಲ್ರಿ ಸರ್,” ಎಂದ ಬೀರಪ್ಪ. “ಮಳಿ ಬಂದ್ರ ತೊಯ್ತೀವಲ್ರಿ, ಹಂಗ. ಫಾದರ್ ಹೊಡಿಯಂಗಿಲ್ಲ ಅಂತ ನಂಬಿದ್ನಿರಿ.”

ಅಲ್ಲಿಯವರೆಗೆ ನನ್ನ ಛಡಿಯ ಬಗ್ಗೆ ಯಾರು ಏನೇ ಹೇಳಿದರೂ ನನ್ನ ಹತ್ತಿರ ಉತ್ತರವಿತ್ತು. ಮಕ್ಕಳಿಗೆ ನೋವಾಗುತ್ತದೆ ಎಂದರೆ, ನೋವಿನಿಂದಲೇ ಬುದ್ಧಿ ಬರುತ್ತದೆ ಎನ್ನುತ್ತಿದ್ದೆ. ನನ್ನ ಏಟಿಗೆ ಏನೂ ಅನಿಸುತ್ತಿರಲಿಲ್ಲವೆಂದು ಅದನ್ನು ತಿಂದವನೇ ಹೇಳಿದಾಗ ಆ ಉತ್ತರ ಕೆಲಸಕ್ಕೆ ಬರಲಿಲ್ಲ.

ಸಿದ್ದಪ್ಪ ಮೂರು ಕಲ್ಲು ಹೂಡಿ ಕುರಿಯ ಹಾಲಿನ ಚಹಾ ಕಾಸಿ ಕೊಟ್ಟ. ಸೋಮವಾರ ಮಗನನ್ನು ತಾನೇ ಬಸ್ಸಿಗೆ ಹತ್ತಿಸುವುದಾಗಿ ಹೇಳಿದ. ಫಾದರ್ ಒತ್ತಾಯ ಮಾಡಲಿಲ್ಲ, ನಿನಗೆ ಬರಬೇಕೆನಿಸಿದರೆ ಬಾ ಎಂದಷ್ಟೇ ಹುಡುಗನಿಗೆ ಹೇಳಿದರು.

ಮರಳುವಾಗ ಘಟಪ್ರಭಾದಲ್ಲಿ ಊಟಕ್ಕೆ ನಿಂತೆವು. ರೊಟ್ಟಿ ಮುರಿಯುತ್ತ ಫಾದರ್ ತಾವಾಗಿಯೇ ಹೇಳಿದರು. ಪಾದ್ರಿಯಾದ ಹೊಸದರಲ್ಲಿ, ಬೇರೆ ಊರಿನ ಶಾಲೆಯಲ್ಲಿ ಒಬ್ಬ ಹುಡುಗನಿಗೆ ಹೀಗೆಯೇ ಸಿಟ್ಟಿನಲ್ಲಿ ಹೊಡೆದಿದ್ದರಂತೆ. ಅವನು ಮರುದಿನ ಬರಲಿಲ್ಲ. ಇಂದು ಬಂದಾನು, ನಾಳೆ ಬಂದಾನು ಎಂದು ಕಾದರು. ಕೊನೆಗೂ ಬರಲಿಲ್ಲ.

“ಅವನ ಮನಿ ನಮ್ಮ ಚರ್ಚಿನಿಂದ ಎರಡ ಓಣಿ ಆಚೆ ಇತ್ತು, ಸರ್. ನಾನು ಹೋಗಲಿಲ್ಲ. ಮಾಸ್ತರ ಹುಡುಗನ ಮನಿಗೆ ಹೋಗಬೇಕೇ ಅಂತ ಕೂತೆ.”

ಅವರ ಮಾತಿನಲ್ಲಿ ನಮ್ಮ ಕಡೆಯ ಕನ್ನಡ ಕೂಡಿಕೊಳ್ಳಲು ಶುರುವಾದದ್ದನ್ನು ನಾನು ಗಮನಿಸಿದ್ದು ಆ ದಿನ. ಆ ಶನಿವಾರ ನನ್ನನ್ನು ಪ್ರವಚನ ತಿದ್ದಲು ಕರೆಯಲಿಲ್ಲ. ಭಾನುವಾರ ಏಳು ಮನೆಯವರ ಮುಂದೆಯೂ, ಏನೂ ಬರೆದುಕೊಳ್ಳದೆ, ತಾವು ಮಾಡಿದ್ದನ್ನು ಹೇಳಿದರೆಂದು ನರ್ಸಬಾಯಿ ಆಮೇಲೆ ತಿಳಿಸಿದರು.

ಸೋಮವಾರ ಬೀರಪ್ಪ ಬಂದ. ಯಾರೂ ಹೇಳದೆಯೇ ಪೊರಕೆ ಹಿಡಿದು ನಳದ ಹತ್ತಿರ ಹೋದ.

ಜನವರಿಯಿಂದ ಮಾರ್ಚ್‌ವರೆಗಿನ ಮೂರು ತಿಂಗಳು ನನ್ನ ಇಡೀ ನೌಕರಿಯಲ್ಲಿ ಅತಿ ಹೆಚ್ಚು ದುಡಿದ ತಿಂಗಳುಗಳು. ಒಂದೇ ಲೆಕ್ಕವನ್ನು ನಾಲ್ಕು ರೀತಿಯಲ್ಲಿ ಹೇಳಲು ಕಲಿತೆ. ಮನೆಗೆ ಹೋದರೆ ಗಂಟಲು ಕಟ್ಟಿರುತ್ತಿತ್ತು, ಹೆಂಡತಿ ಅರಿಸಿನದ ಹಾಲು ಕೊಡುತ್ತ, ಹೊಸ ಮಾಸ್ತರನಂತೆ ಕುಣಿಯುತ್ತಿದ್ದೀರಿ ಎಂದು ನಗುತ್ತಿದ್ದಳು. ಅವಳು ಹೇಳಿದ್ದು ಸರಿಯಾಗಿತ್ತು. ಪರೀಕ್ಷೆಯ ದಿನ ಮಕ್ಕಳು ಕೇಂದ್ರದೊಳಗೆ ಹೋಗುವುದನ್ನು ನೋಡುತ್ತ, ಇವರೆಲ್ಲ ಪಾಸಾಗುತ್ತಾರೆ ಎಂದು ಎದೆಯುಬ್ಬಿಸಿ ನಿಂತಿದ್ದೆ.

ಮೇ ತಿಂಗಳಲ್ಲಿ ಫಲಿತಾಂಶ ಬಂತು. ಬೀರಪ್ಪ ಪಾಸಾಗಿದ್ದ. ಹಿಂದೆಂದೂ ಬಾರದಷ್ಟು ಅಂಕ ತೆಗೆದವರು ಇದ್ದರು. ಆದರೆ ಗಣಿತದಲ್ಲಿ ಮೂವರು ನಪಾಸಾಗಿದ್ದರು. ಅಷ್ಟು ವರ್ಷ ಕಾಪಾಡಿಕೊಂಡು ಬಂದದ್ದು ಒಂದೇ ಬೆಳಗ್ಗೆ ಹೋಯಿತು. ಮಾತಿನ ಪ್ರಕಾರ ಗೆದ್ದವನು ನಾನು.

ಆದರೂ ಆ ಮೂವರ ಹೆಸರು ನೋಡಿದಾಗ ಏನೋ ಕೊರೆಯಿತು. ಆಫೀಸಿನ ಕಪಾಟಿನಿಂದ ಹಳೆಯ ಹಾಜರಿ ಪುಸ್ತಕಗಳನ್ನು ತೆಗೆದು ಕೂತೆ. ಪ್ರತಿ ವರ್ಷವೂ ದೀಪಾವಳಿಯೊಳಗೆ ಹತ್ತನೇ ತರಗತಿಯ ನಾಲ್ಕೈದು ಹೆಸರುಗಳ ಮೇಲೆ ಕೆಂಪು ಗೆರೆ ಬಿದ್ದಿತ್ತು: ಶಾಲೆ ಬಿಟ್ಟಿದ್ದಾನೆ, ಶಾಲೆ ಬಿಟ್ಟಿದ್ದಾಳೆ. ಎಲ್ಲರೂ ನನ್ನಿಂದಲೇ ಬಿಟ್ಟರೆಂದಲ್ಲ. ಕಬ್ಬು ಕಡಿಯಲು ಹೋದವರಿದ್ದರು, ಮದುವೆಯಾದವರಿದ್ದರು. ಆದರೆ ಹೆಸರು ಹೆಸರಾಗಿ ಓದಿದಾಗ ಗಣಿತ ಬಾರದವರೇ ಹೆಚ್ಚಾಗಿ ಕಂಡರು. ನಪಾಸಾಗಬೇಕಾದವರು ಪರೀಕ್ಷೆಗೆ ಕೂತೇ ಇರಲಿಲ್ಲ. ಈ ವರ್ಷದ ಪುಸ್ತಕದಲ್ಲಿ ಒಂದೂ ಕೆಂಪು ಗೆರೆ ಇರಲಿಲ್ಲ.

ಸಂಜೆ ಫಾದರ್ ನನ್ನ ಮನೆಗೆ ಬಂದರು. ಮಾತು ಕೊಟ್ಟಿದ್ದರಲ್ಲ, ನನ್ನ ಛಡಿ ತಂದಿದ್ದರು. ಕಟ್ಟೆಯ ಮೇಲೆ ಇಟ್ಟು ಕೂತರು. ನಾನು ಹಾಜರಿ ಪುಸ್ತಕದಲ್ಲಿ ಕಂಡದ್ದನ್ನು ಹೇಳಿದೆ. ಅವರಿಗೆ ಆಶ್ಚರ್ಯವಾಗಲಿಲ್ಲ. ಜೂನ್‌ನಲ್ಲಿ ಬಂದ ಮೊದಲ ವಾರವೇ ಅವರು ಅದನ್ನು ನೋಡಿದ್ದರು.

“ಹಂಗಾರ ಅವತ್ತ ಯಾಕ ಹೇಳಲಿಲ್ರಿ?”

“ಅವತ್ತ ಹೇಳಿದ್ರ ನೀವು ನನ್ನ ಮ್ಯಾಲ ಸಿಟ್ಟಾಗಿ ಕುಂದ್ರತಿದ್ರಿ, ಅಷ್ಟ.”

ಅದು ಖರೆ. ಛಡಿಯನ್ನು ನಾನು ಒಳಗೆ ಒಯ್ಯಲಿಲ್ಲ. ನಪಾಸಾದ ಮೂವರನ್ನು ಮರುದಿನದಿಂದ ಮನೆಗೆ ಕರೆಸಿಕೊಂಡೆ, ಪೂರಕ ಪರೀಕ್ಷೆಯಲ್ಲಿ ಮೂವರೂ ಪಾಸಾದರು.

ಅದಕ್ಕಿಂತ ಕಷ್ಟದ ಕೆಲಸ ಒಂದು ಉಳಿದಿತ್ತು. ಕೆಂಪು ಗೆರೆಯ ಹೆಸರುಗಳಲ್ಲಿ ಮಹಾದೇವಿ ಎಂಬ ಹುಡುಗಿಯದೂ ಇತ್ತು. ಹದಿನೇಳರ ಮಗ್ಗಿ ತಪ್ಪಿದಳೆಂದು ತರಗತಿಯ ಮುಂದೆ ನಿಲ್ಲಿಸಿ ಎರಡೂ ಅಂಗೈ ಬಾತುಕೊಳ್ಳುವಂತೆ ಹೊಡೆದಿದ್ದೆ. ಅವಳು ಅತ್ತಿರಲಿಲ್ಲ. ಅದಕ್ಕೆಂದೇ ಇನ್ನೆರಡು ಹೆಚ್ಚು ಕೊಟ್ಟಿದ್ದೆ. ಮರುದಿನದಿಂದ ಬರಲಿಲ್ಲ. ಅವಳನ್ನು ಹುಕ್ಕೇರಿಗೆ ಕೊಟ್ಟಿದ್ದಾರೆ, ಸಂತೆಯಲ್ಲಿ ಕಾಯಿಪಲ್ಲೆ ಮಾರುತ್ತಾಳೆ ಎಂದು ಅವಳ ಅಣ್ಣನಿಂದ ತಿಳಿಯಿತು.

ಜುಲೈನ ಒಂದು ಸಂತೆಯ ದಿನ ಒಬ್ಬನೇ ಹೋದೆ. ಫಾದರ್‌ಗೂ ಹೇಳಲಿಲ್ಲ. ಜಿಟಿಜಿಟಿ ಮಳೆಯಲ್ಲಿ ತಾಡಪತ್ರಿಯ ಕೆಳಗೆ ಕೂತು ಅವಳು ಕಾಯಿಪಲ್ಲೆ ತೂಗುತ್ತಿದ್ದಳು. ನನ್ನನ್ನು ನೋಡಿದ ಕೂಡಲೇ ಗುರುತು ಹಿಡಿದಳು, ಮತ್ತೆ ತಕ್ಕಡಿಗೆ ತಿರುಗಿದಳು. ಸುತ್ತ ಏಳೆಂಟು ಗಿರಾಕಿಗಳಿದ್ದರು. ಅವರೆಲ್ಲ ಹೋಗಲಿ ಎಂದು ಕಾದು ನಿಂತೆ. ಒಬ್ಬರು ಹೋದರೆ ಇಬ್ಬರು ಬರುತ್ತಿದ್ದರು. ಅರ್ಧ ತಾಸು ನಿಂತ ಮೇಲೆ, ಜನ ಕರಗಲಿ ಎಂದು ಕಾಯುವುದೂ ತಪ್ಪಿಸಿಕೊಳ್ಳುವ ಒಂದು ಉಪಾಯವೇ ಎಂದು ಹೊಳೆಯಿತು. ಅಷ್ಟೂ ಜನರ ನಡುವೆಯೇ ಹೇಳಿದೆ:

“ಮಹಾದೇವಿ, ನಾ ನಿನಗ ಹಂಗ ಹೊಡೀಬಾರದಾಗಿತ್ತು. ತಪ್ಪಾತವ್ವ. ಕ್ಷಮಾ ಮಾಡು.”

ಗಿರಾಕಿಗಳು ನನ್ನತ್ತ ತಿರುಗಿದರು. ಮಹಾದೇವಿಯ ಕೈ ತಕ್ಕಡಿಯ ಮೇಲೆ ನಿಂತಿತು. ನನ್ನನ್ನು ದೀರ್ಘವಾಗಿ ನೋಡಿದಳು. ಅವಳ ಕಣ್ಣಲ್ಲಿ ನೀರು ಅಂದೂ ಬಂದಿರಲಿಲ್ಲ, ಇಂದೂ ಬರಲಿಲ್ಲ.

“ಎಲ್ಲಾರ ಮುಂದ ಹೊಡದಿದ್ರಿ ಸರ್,” ಎಂದಳು. “ಎಲ್ಲಾರ ಮುಂದ ಕೇಳಿದ್ರಿ. ಮುಗೀತ್ರಿ.”

ಆಮೇಲೆ ಮುಂದಿನವರಿಗೆ ಬದನೆಕಾಯಿ ತೂಗಿದಳು.